ಇರಾವತಿ ಕರ್ವೆ: ಕಪಾಲಮಾಪನದ ಎರಡು ಮುಖಗಳು

ಇರಾವತಿ ಕರ್ವೆಯವರು (1905–1970) ಸಾಹಿತ್ಯಾಸಕ್ತರಿಗೆ ‘ಯುಗಾಂತ’ದ ಲೇಖಕಿಯಾಗಿ ಪರಿಚಿತರು. ಭಾರತದ ಮೊದಲ ತಲೆಮಾರಿನ ಈ ಮಾನವಶಾಸ್ತ್ರಜ್ಞೆಯ ಡಾಕ್ಟರೇಟ್ ಸಂಶೋಧನೆ ನಡೆದುದು ತಲೆಬುರುಡೆಗಳ ಅಳತೆಯ ಮೇಲೆ ಎಂಬ ಸಂಗತಿ ಅಷ್ಟಾಗಿ ಚರ್ಚೆಗೆ ಬಂದಿಲ್ಲ.

ಮುಂಬಯಿಯಲ್ಲಿ ಜಿ. ಎಸ್. ಘುರ್ಯೆಯವರ ಶಿಷ್ಯೆಯಾಗಿದ್ದ ಕರ್ವೆ 1920ರ ದಶಕದ ಕೊನೆಯಲ್ಲಿ ಬರ್ಲಿನ್ನಿಗೆ ತೆರಳಿ, ಕೈಸರ್ ವಿಲ್‌ಹೆಲ್ಮ್ ಮಾನವಶಾಸ್ತ್ರ ಸಂಸ್ಥೆಯ ನಿರ್ದೇಶಕ ಯೂಜೆನ್ ಫಿಷರ್ ಅವರಲ್ಲಿ ಸಂಶೋಧನೆ ಕೈಗೊಂಡರು. ಫಿಷರ್ ನಮೀಬಿಯಾದ ಮಿಶ್ರ ಸಂತತಿಯವರನ್ನು ಅಳೆದು ಜನಾಂಗ ಮಿಶ್ರಣವನ್ನು ವಿರೋಧಿಸಿದವರು. ಅವರ ವಿಚಾರಗಳು ಮುಂದೆ ನಾಜಿಗಳಿಗೆ ಆಸರೆಯಾದವು. ಕಪಾಲದ ಎಡಬಲಗಳ ಅಸಮತೆ ಬಿಳಿಯರಲ್ಲಿ ವಿಶಿಷ್ಟವಾಗಿದ್ದು, ಅವರ ಬುದ್ಧಿಯ ಮೇಲ್ಮೆಯನ್ನು ಸೂಚಿಸುತ್ತದೆಂಬುದು ಅಲ್ಲಿ ಪರೀಕ್ಷೆಗೊಳಪಟ್ಟ ಊಹೆ. 149 ಬುರುಡೆಗಳನ್ನು ಅಳೆದ ಕರ್ವೆ, ಅಸಮತೆಗೂ ಜನಾಂಗಕ್ಕೂ ಸಂಬಂಧವಿಲ್ಲವೆಂದು ನಿರ್ಣಯಿಸಿದರು. ಗುರುವಿನ ಊಹೆಯನ್ನು ವಸಾಹತು ದೇಶದ ವಿದ್ಯಾರ್ಥಿನಿಯೊಬ್ಬಳು ಅವರ ಸಂಸ್ಥೆಯಲ್ಲಿಯೇ ನಿರಾಕರಿಸಿದುದು ಸಣ್ಣ ಸಾಹಸವಲ್ಲ. ಆದರೆ ಬರ್ಲಿನ್ನಿನ ಅಂದಿನ ಕಪಾಲ ಸಂಗ್ರಹಗಳಿಗೆ ಆಫ್ರಿಕದ ವಸಾಹತುಗಳ ಅನೇಕ ಬುರುಡೆಗಳು ಸಂಬಂಧಿಕರ ಒಪ್ಪಿಗೆಯಿಲ್ಲದೆ ಬಂದು ಸೇರಿದ್ದವೆಂಬುದನ್ನು ಮರೆಯಲಾಗದು.

ಊಹೆಯನ್ನು ಕೈಬಿಟ್ಟ ಕರ್ವೆ ಅಳತೆಯ ಉಪಕರಣವನ್ನು ಕೈಬಿಡಲಿಲ್ಲ. ವಿವಾದದ ಮೂಲ ಇಲ್ಲಿದೆ. 1939ರಲ್ಲಿ ಪುಣೆಯ ಡೆಕ್ಕನ್ ಕಾಲೇಜನ್ನು ಸೇರಿದ ಬಳಿಕ ಅವರು ಮಹಾರಾಷ್ಟ್ರದ ಜಾತಿಗಳನ್ನೂ ಬುಡಕಟ್ಟುಗಳನ್ನೂ ವ್ಯಾಪಕವಾಗಿ ಅಳೆದರು. ಒಂದೇ ಹೆಸರಿನ ಕುಂಬಾರರಲ್ಲಾಗಲಿ ಬ್ರಾಹ್ಮಣರಲ್ಲಾಗಲಿ ಒಳಪಂಗಡಗಳು ಒಂದೇ ಮೂಲದಿಂದ ಒಡೆದವಲ್ಲ, ಬೇರೆಬೇರೆ ಗುಂಪುಗಳು ಒಂದು ಹೆಸರಿನಡಿ ನೆರೆದವು ಎಂಬ ವಾದಕ್ಕೆ ಈ ಅಂಕಿಅಂಶಗಳೂ ಆಧಾರವಾದವು. ಘುರ್ಯೆಯವರ ನಿಲುವಿಗೆ ಇದು ನೇರ ವಿರುದ್ಧ. ಜಾತಿಯನ್ನು ಅಚಲ ಶ್ರೇಣಿಯೆಂದು ಕಾಣದ ಈ ವಾದದ ಬೆಲೆ ದೊಡ್ಡದು; ಆದರೂ ಜಾತಿಯನ್ನು ದೇಹದಲ್ಲಿ ಹುಡುಕುವ ಪದ್ಧತಿಯನ್ನು ಅದು ಪ್ರಶ್ನಿಸಲಿಲ್ಲ.

ಗುಜರಾತಿನ ಲಾಂಘಣಜದಲ್ಲಿ ಎಚ್. ಡಿ. ಸಾಂಕಳಿಯಾ ಅವರೊಡನೆ ಉತ್ಖನಿಸಿದ ಅಸ್ಥಿಪಂಜರಗಳ ವಿಷಯದಲ್ಲಿಯೂ ಇದೇ ತೊಡಕು. ಸೂಕ್ಷ್ಮಶಿಲಾಯುಧಗಳ ಕಾಲದ ಆ ಜನರಿಗೆ ಈಶಾನ್ಯ ಆಫ್ರಿಕದವರ ಹೋಲಿಕೆಯನ್ನು 1949ರ ಲೇಖನ ಸೂಚಿಸಿತು. ಬೆರಳೆಣಿಕೆಯ, ಜೀರ್ಣವಾದ ಎಲುಬುಗಳಿಂದ ‘ಜನಾಂಗ’ವನ್ನು ಗುರುತಿಸುವ ಕ್ರಮಕ್ಕೆ ಇಂದು ಮಾನ್ಯತೆಯಿಲ್ಲ. ಅವೇ ಅವಶೇಷಗಳ ಕುರಿತ 1965ರ ವರದಿಯನ್ನು ಕೆನೆತ್ ಕೆನೆಡಿಯವರೊಡನೆ ಸಿದ್ಧಪಡಿಸಿದವರು ಸೋಫೀ ಎರ್ಹಾರ್ಟ್. ನಾಜಿ ಆಡಳಿತದಲ್ಲಿ ರೋಮಾ ಜನರನ್ನು ಅಳೆದ ತಂಡದಲ್ಲಿದ್ದವರು.