ಡಿಸ್ಕ್ ನನ್ನದು, ಡೌನ್‌ಲೋಡ್ ಅಲ್ಲ: ಎಮ್ಯುಲೇಟರ್ ಸುತ್ತಲಿನ ತಪ್ಪು ಕಲ್ಪನೆಗಳು

ಪ್ಲೇಸ್ಟೇಷನ್ 2 ತಯಾರಿಕೆ ನಿಂತು ಹತ್ತು ವರ್ಷ ಮೀರಿದೆ. 2000ರಲ್ಲಿ ಬಂದ ಆ ಕಪ್ಪು ಪೆಟ್ಟಿಗೆ ಜಗತ್ತಿನಾದ್ಯಂತ 15 ಕೋಟಿಗೂ ಹೆಚ್ಚು ಮಾರಾಟವಾಯಿತು. ನಮ್ಮಲ್ಲೂ ಎಷ್ಟೋ ಮನೆಗಳಲ್ಲಿ ಅದರ ಆಟದ ಡಿಸ್ಕುಗಳು ಅಟ್ಟದ ಮೇಲೆ, ಟಿವಿ ಸ್ಟ್ಯಾಂಡಿನ ಕೆಳಖಾನೆಯಲ್ಲಿ ಇನ್ನೂ ಬಿದ್ದಿವೆ. ಇವನ್ನು ಕಂಪ್ಯೂಟರಿನಲ್ಲಿ ಆಡಬಹುದಾ ಎಂದು ಕೇಳಿ ನೋಡಿ, ಎರಡು ಬಗೆಯ ಉತ್ತರ ಬರುತ್ತದೆ. ಒಬ್ಬರು ‘ಎಮ್ಯುಲೇಟರಾ? ಅದೆಲ್ಲ ಪೈರಸಿ, ಕೇಸ್ ಆಗುತ್ತೆ’ ಅನ್ನುತ್ತಾರೆ. ಇನ್ನೊಬ್ಬರು ‘ಡಿಸ್ಕ್ ಇದೆ ತಾನೇ, ನೆಟ್‌ನಿಂದ ಇಳಿಸ್ಕೊ, ಯಾರೂ ಕೇಳಲ್ಲ’ ಅನ್ನುತ್ತಾರೆ. ಇಬ್ಬರ ಮಾತೂ ತಪ್ಪು.

ಮೂರು ಬೇರೆ ಬೇರೆ ವಸ್ತುಗಳನ್ನು ಒಂದೇ ಗಂಟಿಗೆ ಕಟ್ಟುವುದರಿಂದ ಈ ಗೊಂದಲ ಹುಟ್ಟುತ್ತದೆ. ಮೊದಲನೆಯದು ಎಮ್ಯುಲೇಟರ್, ಅಂದರೆ ಕನ್ಸೋಲಿನ ಚಿಪ್ಪುಗಳು ಮಾಡುವ ಕೆಲಸವನ್ನು ಕಂಪ್ಯೂಟರಿನಲ್ಲಿ ಮಾಡಿ ತೋರಿಸುವ ಸಾಫ್ಟ್‌ವೇರ್. ಎರಡನೆಯದು ಬಯಾಸ್, ಕನ್ಸೋಲ್ ಆನ್ ಆದ ಕೂಡಲೇ ಓಡುವ, ತಯಾರಕರೇ ಬರೆದಿಟ್ಟ ಪುಟ್ಟ ಪ್ರೋಗ್ರಾಂ. ಮೂರನೆಯದು ಆಟ. ಮೂರಕ್ಕೂ ಒಡೆಯರು ಬೇರೆ, ಕಾನೂನಿನ ಲೆಕ್ಕವೂ ಬೇರೆ.

‘ಎಮ್ಯುಲೇಟರ್ ಅಂದರೇನೇ ಕಳ್ಳಮಾಲು’

ಅಮೆರಿಕದ ಕೋರ್ಟಿನಲ್ಲಿ ಈ ಪ್ರಶ್ನೆ ಕಾಲು ಶತಮಾನದ ಹಿಂದೆಯೇ ಬಂದುಹೋಗಿದೆ. ಕನೆಕ್ಟಿಕ್ಸ್ ಎಂಬ ಕಂಪನಿ 1999ರ ಜನವರಿಯಲ್ಲಿ ಮ್ಯಾಕ್ ಕಂಪ್ಯೂಟರಿಗಾಗಿ ‘ವರ್ಚುವಲ್ ಗೇಮ್ ಸ್ಟೇಷನ್’ ಹೊರತಂದಿತು. ಅಂಗಡಿಯಲ್ಲಿ ಕೊಂಡ ಪ್ಲೇಸ್ಟೇಷನ್ ಡಿಸ್ಕನ್ನು ಮ್ಯಾಕ್‌ಗೆ ಹಾಕಿದರೆ ಸಾಕು, ಆಟ ಶುರು. ಸ್ಟೀವ್ ಜಾಬ್ಸ್ ಅದನ್ನು ವೇದಿಕೆಯ ಮೇಲೆಯೇ ತೋರಿಸಿದ್ದರು. ಸೋನಿ ಕೋರ್ಟಿಗೆ ಹೋಯಿತು. ಮೊದಲು ತಡೆಯಾಜ್ಞೆಯನ್ನೂ ಪಡೆಯಿತು. ಆದರೆ 2000ದ ಫೆಬ್ರವರಿಯಲ್ಲಿ ಮೇಲ್ಮನವಿ ನ್ಯಾಯಾಲಯ ಕನೆಕ್ಟಿಕ್ಸ್ ಪರ ತೀರ್ಪು ಕೊಟ್ಟಿತು. ಯಂತ್ರ ಹೇಗೆ ಕೆಲಸ ಮಾಡುತ್ತದೆ ಎಂದು ತಿಳಿಯಲು ಸೋನಿಯ ಬಯಾಸನ್ನು ನಕಲಿಸಿ ಅಭ್ಯಾಸ ಮಾಡಿದ್ದು ನ್ಯಾಯಯುತ ಬಳಕೆ ಎಂದಿತು. ಮಾರಾಟಕ್ಕಿಟ್ಟ ಸಾಫ್ಟ್‌ವೇರಿನಲ್ಲಿ ಸೋನಿಯ ಕೋಡ್ ಇರಲಿಲ್ಲ ಎಂಬುದು ಮುಖ್ಯವಾಯಿತು. ಗೆದ್ದವರಿಗೆ ಸಿಕ್ಕಿದ್ದೇನು ಅನ್ನುವುದು ಬೇರೆ ಮಾತು. ಮರುವರ್ಷ ಸೋನಿಯೇ ಆ ಸಾಫ್ಟ್‌ವೇರನ್ನು ಕೊಂಡು ನಿಲ್ಲಿಸಿಬಿಟ್ಟಿತು. ಬ್ಲೀಮ್ ಎಂಬ ಇನ್ನೊಂದು ಎಮ್ಯುಲೇಟರ್ ಕಂಪನಿ ಕಾನೂನಿಗೆ ಸೋಲಲಿಲ್ಲ, ವಕೀಲರ ಖರ್ಚಿಗೆ ಸೋತು 2001ರಲ್ಲಿ ಬಾಗಿಲು ಹಾಕಿತು.

ಹಾಗಾದರೆ 2024ರಲ್ಲಿ ಯೂಜು ಯಾಕೆ ಮುಚ್ಚಿತು? ನಿಂಟೆಂಡೊ ಸ್ವಿಚ್ ಆಟಗಳನ್ನು ಓಡಿಸುತ್ತಿದ್ದ ಈ ಎಮ್ಯುಲೇಟರಿನ ಮೇಲೆ ಫೆಬ್ರವರಿಯಲ್ಲಿ ದಾವೆ ಬಿತ್ತು, ಮಾರ್ಚ್ ಮೊದಲ ವಾರದಲ್ಲೇ 24 ಲಕ್ಷ ಡಾಲರಿಗೆ ರಾಜಿಯಾಯಿತು. ನಿಂಟೆಂಡೊ ಹಿಡಿದದ್ದು ಬೇರೆ ಎಳೆಯನ್ನು. ಸ್ವಿಚ್ ಆಟಗಳು ಗೂಢಲಿಪೀಕರಣದ ಬೀಗದೊಳಗೆ ಇರುತ್ತವೆ. ಆ ಬೀಗವನ್ನು ದಾಟುವುದೇ ಅಮೆರಿಕದ 1998ರ ಡಿಜಿಟಲ್ ಹಕ್ಕುಸ್ವಾಮ್ಯ ಕಾಯ್ದೆಯಡಿ ತಪ್ಪು ಎಂಬುದು ಅದರ ವಾದ. ರಾಜಿಯಾದದ್ದರಿಂದ ನ್ಯಾಯಾಧೀಶರು ಈ ವಾದವನ್ನು ತೂಗಿ ನೋಡಲೇ ಇಲ್ಲ. ಎಮ್ಯುಲೇಟರುಗಳೆಲ್ಲ ಅಕ್ರಮ ಎಂದು ಆ ಪ್ರಕರಣದಲ್ಲಿ ಯಾರೂ ತೀರ್ಪು ಕೊಟ್ಟಿಲ್ಲ.

‘ಡಿಸ್ಕ್ ನನ್ನ ಹತ್ತಿರ ಇದೆ, ಹಾಗಾಗಿ ಇಳಿಸಿಕೊಂಡರೆ ತಪ್ಪಿಲ್ಲ’

ಎಲ್ಲಕ್ಕಿಂತ ಗಟ್ಟಿಯಾಗಿ ಬೇರೂರಿರುವ ನಂಬಿಕೆ ಇದು. ಕೇಳಲು ನ್ಯಾಯವಾಗಿಯೂ ಇದೆ. ನಿಮ್ಮ ಡಿಸ್ಕಿನಿಂದ ತೆಗೆದ ಇಮೇಜ್ ಫೈಲ್, ಯಾವುದೋ ಜಾಲತಾಣದಲ್ಲಿರುವ ಫೈಲ್ ಎರಡೂ ಒಂದು ಬಿಟ್ ವ್ಯತ್ಯಾಸವಿಲ್ಲದೆ ತಾಳೆಯಾಗಬಹುದು. ಆದರೂ ಕಾನೂನು ಫೈಲಿನ ಮುಖ ನೋಡುವುದಿಲ್ಲ, ನಕಲು ಯಾರು ಮಾಡಿದರು, ಎಲ್ಲಿಂದ ಮಾಡಿದರು ಎಂದು ನೋಡುತ್ತದೆ. ಇದಕ್ಕೆ ಹತ್ತಿರದ ಪ್ರಕರಣ ಸಂಗೀತದ್ದು. ಎಂಪಿ3.ಕಾಮ್ ಕಂಪನಿ ಸಾವಿರಾರು ಸಿಡಿಗಳನ್ನು ತನ್ನ ಸರ್ವರಿಗೆ ನಕಲಿಸಿಟ್ಟುಕೊಂಡು, ‘ನಿಮ್ಮ ಸಿಡಿಯನ್ನು ಕಂಪ್ಯೂಟರಿಗೆ ಒಮ್ಮೆ ಹಾಕಿ ತೋರಿಸಿ, ಆಮೇಲೆ ಎಲ್ಲಿಂದ ಬೇಕಾದರೂ ಕೇಳಿ’ ಎಂದಿತ್ತು. ಗ್ರಾಹಕರ ಕೈಯಲ್ಲಿ ಸಿಡಿ ಇದೆಯೆಂಬುದಕ್ಕೆ ಪುರಾವೆಯೇ ಇತ್ತು. 2000ದಲ್ಲಿ ನ್ಯೂಯಾರ್ಕಿನ ಕೋರ್ಟ್ ಅದನ್ನೂ ಒಪ್ಪಲಿಲ್ಲ.

‘24 ಗಂಟೆಯೊಳಗೆ ಅಳಿಸಿದರೆ ಪರವಾಗಿಲ್ಲ’ ಎಂಬ ಮಾತನ್ನೂ ನೀವು ಕೇಳಿರುತ್ತೀರಿ. ಅಮೆರಿಕದ ಕಾಯ್ದೆಯಲ್ಲೂ ಅದಿಲ್ಲ, ನಮ್ಮದರಲ್ಲೂ ಇಲ್ಲ. ಡೌನ್‌ಲೋಡ್ ತಾಣಗಳು ತಮ್ಮ ರಕ್ಷಣೆಗೆ ಬರೆದುಕೊಂಡ ಸಾಲು ಬಾಯಿಂದ ಬಾಯಿಗೆ ಹರಿದು ಕಾನೂನಿನ ವೇಷ ಹಾಕಿಕೊಂಡಿದೆ, ಅಷ್ಟೆ. ಆಟ ಅಂಗಡಿಯಲ್ಲಿ ಸಿಗುತ್ತಿಲ್ಲವಾದರೆ ಅದು ಎಲ್ಲರ ಸೊತ್ತು ಅನ್ನುವುದೂ ಇದೇ ಜಾತಿಯದು. ಮಾರಾಟ ನಿಂತ ಮಾತ್ರಕ್ಕೆ ಹಕ್ಕುಸ್ವಾಮ್ಯ ತೀರುವುದಿಲ್ಲ.

ನಮ್ಮ ಕಾಯ್ದೆ ಏನನ್ನುತ್ತದೆ

ನಮ್ಮಲ್ಲಿ ಹೆಚ್ಚಿನವರು ಹಂಚಿಕೊಳ್ಳುವುದು ಅಮೆರಿಕದ ಕಾನೂನಿನ ತುಣುಕುಗಳನ್ನು. ಬೆಂಗಳೂರಿನಲ್ಲಿ ಕೂತು ಡಿಸ್ಕ್ ನಕಲಿಸುವವರಿಗೆ ಲೆಕ್ಕಕ್ಕೆ ಬರುವುದು ಭಾರತದ 1957ರ ಹಕ್ಕುಸ್ವಾಮ್ಯ ಕಾಯ್ದೆ. ಈ ವಿಷಯದಲ್ಲಿ ಅದು ಕಾಗದದ ಮೇಲಾದರೂ ಉದಾರವಾಗಿಯೇ ಇದೆ. ಅದರ 52ನೇ ಕಲಮಿನ ಪ್ರಕಾರ, ಕಂಪ್ಯೂಟರ್ ಪ್ರೋಗ್ರಾಂ ಪ್ರತಿಯನ್ನು ಕಾನೂನುಬದ್ಧವಾಗಿ ಹೊಂದಿದವರು ಕಳೆದುಹೋಗುವ, ಹಾಳಾಗುವ ಭಯಕ್ಕೆ ಬ್ಯಾಕಪ್ ಪ್ರತಿ ಮಾಡಿಕೊಂಡರೆ ಅದು ಉಲ್ಲಂಘನೆಯಲ್ಲ. ಸ್ವಂತಕ್ಕೆ ಸಕ್ರಮವಾಗಿ ಪಡೆದ ಪ್ರತಿಯಿಂದ ವಾಣಿಜ್ಯೇತರ, ಖಾಸಗಿ ಬಳಕೆಗೆ ನಕಲು ಮಾಡುವುದಕ್ಕೂ ಅಲ್ಲೇ ಅವಕಾಶವಿದೆ. ಬೀಗ ಮುರಿಯುವುದರ ಬಗ್ಗೆ 2012ರ ತಿದ್ದುಪಡಿಯಲ್ಲಿ 65ಎ ಕಲಮು ಬಂತು. ಅಲ್ಲಿಯೂ ‘ಹಕ್ಕು ಉಲ್ಲಂಘಿಸುವ ಉದ್ದೇಶದಿಂದ’ ಮುರಿದರೆ ಎಂಬ ಮಾತಿದೆ. ಅಮೆರಿಕದ ಕಾಯ್ದೆಯಲ್ಲಿ ಈ ಉದ್ದೇಶದ ಷರತ್ತಿಲ್ಲ.

ಇಷ್ಟು ಓದಿ ಹಿಗ್ಗುವ ಮುಂಚೆ ಒಂದೆರಡು ಮಾತು. ಈ ವಿನಾಯಿತಿ ‘ಕಂಪ್ಯೂಟರ್ ಪ್ರೋಗ್ರಾಂ’ಗೆ ಕೊಟ್ಟದ್ದು. ಆಟವೆಂದರೆ ಪ್ರೋಗ್ರಾಂ ಜೊತೆಗೆ ಸಂಗೀತ, ಚಿತ್ರ, ವಿಡಿಯೋ ಎಲ್ಲವೂ. ಅವಕ್ಕೂ ಇದೇ ವಿನಾಯಿತಿ ಅನ್ವಯಿಸುತ್ತದೆಯೇ ಎಂದು ವಕೀಲರು ವಾದಿಸಬಹುದು. ಬ್ಯಾಕಪ್ ಇಟ್ಟುಕೊಂಡು ಮೂಲ ಡಿಸ್ಕನ್ನು ಮಾರಿಬಿಟ್ಟರೆ ‘ಪ್ರತಿ ಹೊಂದಿದವರು’ ನೀವಲ್ಲ. ಇನ್ನು, ಕದ್ದ ಪ್ರತಿ ಎಂದು ಗೊತ್ತಿದ್ದೂ ಕಂಪ್ಯೂಟರಿನಲ್ಲಿ ಬಳಸುವವರಿಗೆ 63ಬಿ ಕಲಮಿನಲ್ಲಿ 7 ದಿನದಿಂದ 3 ವರ್ಷದವರೆಗೆ ಸೆರೆ, 50 ಸಾವಿರದಿಂದ 2 ಲಕ್ಷ ರೂಪಾಯಿವರೆಗೆ ದಂಡ ಬರೆದಿದೆ. ಲಾಭಕ್ಕಾಗಿ ಬಳಸಿಲ್ಲವೆಂದಾದರೆ ಕೋರ್ಟ್ ಸೆರೆವಾಸ ಬಿಟ್ಟು ದಂಡವಷ್ಟೇ ಹಾಕಬಹುದು.

ಇಲ್ಲೇ ನಮ್ಮ ಕಡೆಯ ಒಂದು ಮುಜುಗರದ ವಿಷಯ ಎದುರಾಗುತ್ತದೆ. ‘ನನ್ನ ಹತ್ತಿರ ಒರಿಜಿನಲ್ ಇದೆ’ ಅನ್ನುವವರಲ್ಲಿ ಎಷ್ಟು ಜನರದು ನಿಜಕ್ಕೂ ಒರಿಜಿನಲ್? ಪಿಎಸ್2 ಕೊಳ್ಳುವಾಗಲೇ ‘ಚಿಪ್ ಹಾಕಿಸಿ’ ಕೊಡುತ್ತಿದ್ದ ಕಾಲ ಅದು. ಐವತ್ತು, ನೂರು ರೂಪಾಯಿಗೆ ಪ್ಲಾಸ್ಟಿಕ್ ಕವರಿನಲ್ಲಿ ಸಿಗುತ್ತಿದ್ದದ್ದು ಮನೆಯ ಕಂಪ್ಯೂಟರಿನಲ್ಲಿ ಸುಟ್ಟ ಡಿವಿಡಿ. ನಿಮ್ಮದು ಯಾವುದು ಎಂದು ನೋಡಲು ಡಿಸ್ಕನ್ನು ಟ್ಯೂಬ್‌ಲೈಟಿನ ಕೆಳಗೆ ಓರೆಯಾಗಿ ಹಿಡಿಯಿರಿ. ಸುಟ್ಟ ಡಿಸ್ಕಿನ ತಳ ಸಾಮಾನ್ಯವಾಗಿ ನೇರಳೆ ಛಾಯೆಯದು. ಕಾರ್ಖಾನೆಯಲ್ಲಿ ಅಚ್ಚಾದ ಪಿಎಸ್2 ಡಿವಿಡಿ ಬೆಳ್ಳಿ ಬಣ್ಣದ್ದು, ಸಿಡಿ ಮೇಲೆ ಬಂದ ಆಟವಾದರೆ ತಳ ನೀಲಿ. ನಡುವಿನ ತೂತಿನ ಸುತ್ತ ಇರುವ ಕನ್ನಡಿಯಂಥ ಉಂಗುರದಲ್ಲಿ ‘ಐಎಫ್‌ಪಿಐ’ ಎಂಬ ಇರುವೆಗಾತ್ರದ ಅಕ್ಷರ, ಜೊತೆಗೊಂದು ಸಂಖ್ಯೆ ಕಾಣುತ್ತದೆ. ಮುಖದ ಮೇಲೆ ‘ಎಸ್‌ಎಲ್‌ಇಎಸ್’ ಅಥವಾ ‘ಎಸ್‌ಸಿಇಎಸ್’ ಎಂದು ಶುರುವಾಗುವ ಐದಂಕಿಯ ನಂಬರ್ ಅಚ್ಚಾಗಿರುತ್ತದೆ. ನೇರಳೆ ಡಿಸ್ಕಿಗೆ 52ನೇ ಕಲಮಿನ ರಕ್ಷಣೆ ಇಲ್ಲ. ಕದ್ದ ಪ್ರತಿಯ ಬ್ಯಾಕಪ್ ಇನ್ನೊಂದು ಕದ್ದ ಪ್ರತಿಯೇ. ಹಳೇ ಟಿವಿ ಗೇಮಿನ ‘9999 ಇನ್ 1’ ಕ್ಯಾಸೆಟ್ಟುಗಳದೂ ಇದೇ ಕಥೆ, ಅದರಲ್ಲೂ ಹತ್ತಿಪ್ಪತ್ತು ಆಟಗಳೇ ಬೇರೆ ಬೇರೆ ಹೆಸರಿನಲ್ಲಿ ಸುತ್ತಿ ಸುತ್ತಿ ಬರುತ್ತಿದ್ದವು.

‘ಡಿಸ್ಕ್ ಕಾಪಿ ಮಾಡಬೇಕಾದರೆ ಹ್ಯಾಕರ್ ಆಗಿರಬೇಕು’

ಪಿಎಸ್2 ಮಟ್ಟಿಗೆ ಖಂಡಿತ ಬೇಡ. ಡಿಸ್ಕನ್ನು ಕಂಪ್ಯೂಟರಿನ ಡಿವಿಡಿ ಡ್ರೈವಿಗೆ ಹಾಕಿ ತೆರೆದರೆ ಮಾಮೂಲಿ ಫೋಲ್ಡರಿನಂತೆ ಫೈಲುಗಳು ಕಾಣುತ್ತವೆ. ಅದರಲ್ಲಿ ‘ಸಿಸ್ಟಮ್.ಸಿಎನ್‌ಎಫ್’ ಎಂಬ ಒಂದು ಪುಟಾಣಿ ಫೈಲನ್ನು ನೋಟ್‌ಪ್ಯಾಡಿನಲ್ಲಿ ತೆರೆದರೆ, ಡಿಸ್ಕಿನ ಮುಖದ ಮೇಲಿನ ಅದೇ ನಂಬರ್ ಅಲ್ಲಿಯೂ ಸಿಗುತ್ತದೆ. ಕನ್ಸೋಲ್ ಮೊದಲು ಓದುವುದೇ ಅದನ್ನು. ಸೋನಿಯ ಕಾವಲು ಇರುವುದು ಬೇರೆ ಕಡೆ. ಖಾಲಿ ಡಿವಿಡಿಗೆ ಬರೆಯಲಾಗದಂಥ ಗುರುತೊಂದು ಅಸಲಿ ಡಿಸ್ಕಿನಲ್ಲಿರುತ್ತದೆ, ಕನ್ಸೋಲ್ ಅದನ್ನು ಹುಡುಕುತ್ತದೆ, ಸಿಗದಿದ್ದರೆ ಆಟ ಶುರು ಮಾಡುವುದಿಲ್ಲ. ‘ಚಿಪ್’ ಹಾಕಿಸುತ್ತಿದ್ದದ್ದು ಈ ಹುಡುಕಾಟಕ್ಕೆ ಮಣ್ಣೆರಚಲು. ಕಂಪ್ಯೂಟರ್ ಆ ಗುರುತನ್ನು ಕೇಳುವುದೇ ಇಲ್ಲ, ಆದ್ದರಿಂದ ಇಲ್ಲಿ ಮುರಿಯಬೇಕಾದ ಬೀಗವೂ ಇಲ್ಲ. ಇಮ್ಗ್‌ಬರ್ನ್‌ನಂಥ ಉಚಿತ ಸಾಫ್ಟ್‌ವೇರಿನಲ್ಲಿ ಡಿಸ್ಕಿನಿಂದ ಇಮೇಜ್ ಮಾಡುವ ಆಯ್ಕೆ ಒತ್ತಿ ಕಾಫಿ ಕುಡಿದು ಬಂದರೆ ಐಎಸ್‌ಒ ಫೈಲ್ ತಯಾರು. ಲ್ಯಾಪ್‌ಟಾಪಿನಲ್ಲಿ ಡ್ರೈವ್ ಇಲ್ಲದಿದ್ದರೆ ಯುಎಸ್‌ಬಿ ಡಿವಿಡಿ ರೈಟರ್ ಸಾಕು.

ಮೊದಲ ಪ್ಲೇಸ್ಟೇಷನ್ನಿನ ಕಪ್ಪು ತಳದ ಸಿಡಿಗಳಲ್ಲಿ ಸ್ವಲ್ಪ ಎಚ್ಚರ ಬೇಕು. ಐಎಸ್‌ಒ ಫೈಲಿಗೆ ಸಿಡಿಯ ಪ್ರತಿ ಸೆಕ್ಟರಿನಿಂದ 2048 ಬೈಟ್ ಮಾತ್ರ ಬರುತ್ತದೆ, ಆದರೆ ಸೆಕ್ಟರಿನ ಪೂರ್ತಿ ಅಳತೆ 2352 ಬೈಟ್. ಆಟದ ವಿಡಿಯೋ, ಹಾಡಿನ ಟ್ರ್ಯಾಕುಗಳು ಬಿಟ್ಟುಹೋಗುತ್ತವೆ. ‘ಎಮ್ಯುಲೇಟರಿನಲ್ಲಿ ಮ್ಯೂಸಿಕ್ಕೇ ಬರಲ್ಲ’ ಎಂಬ ದೂರಿನ ಹಿಂದೆ ಎಷ್ಟೋ ಸಲ ಇದೇ ಇರುತ್ತದೆ. ಇವನ್ನು ಬಿನ್ ಮತ್ತು ಕ್ಯೂ ಎಂಬ ಎರಡು ಫೈಲುಗಳ ಜೋಡಿಯಾಗಿಯೇ ತೆಗೆಯಬೇಕು. ನಮ್ಮಲ್ಲಿ ಅಧಿಕೃತವಾಗಿ ಮಾರಾಟವಾದ ಡಿಸ್ಕುಗಳು ಪಾಲ್ ಎಂಬ ಟಿವಿ ಪದ್ಧತಿಯ ಆವೃತ್ತಿಯವು. ಪಾಲ್ ಆವೃತ್ತಿಯ ಕೆಲವು ಆಟಗಳಲ್ಲಿ ‘ಲಿಬ್‌ಕ್ರಿಪ್ಟ್’ ಎಂಬ ರಕ್ಷಣೆಯನ್ನು ಸಿಡಿಯ ಉಪವಾಹಿನಿ ದತ್ತಾಂಶದಲ್ಲಿ ಅಡಗಿಸಿಟ್ಟಿದ್ದಾರೆ. ಅದು ಇಮೇಜಿನಲ್ಲಿ ಬರದಿದ್ದರೆ ಆಟ ಚೆನ್ನಾಗಿಯೇ ಶುರುವಾಗಿ ನಡುವೆ ಎಲ್ಲೋ ಸಿಕ್ಕಿಕೊಳ್ಳುತ್ತದೆ. ಪಾಲ್ ಆಟಗಳು ಸೆಕೆಂಡಿಗೆ 60 ಚಿತ್ರಗಳ ಬದಲು 50ರ ಲೆಕ್ಕದಲ್ಲಿ ಓಡುವುದರಿಂದ ಕೆಲವು ನಿಧಾನ ಅನಿಸಬಹುದು. ಅದಕ್ಕೆ ಹೊಸ ಗ್ರಾಫಿಕ್ಸ್ ಕಾರ್ಡ್ ಕೊಂಡು ಪ್ರಯೋಜನವಿಲ್ಲ.

ಎಲ್ಲ ಡಿಸ್ಕೂ ಇಷ್ಟು ಸಲೀಸಲ್ಲ. ಎಕ್ಸ್‌ಬಾಕ್ಸ್ ಡಿಸ್ಕನ್ನು ಮಾಮೂಲಿ ಡ್ರೈವಿಗೆ ಹಾಕಿದರೆ ‘ಇದನ್ನು ಎಕ್ಸ್‌ಬಾಕ್ಸಿಗೆ ಹಾಕಿ’ ಎನ್ನುವ ಸಣ್ಣ ವಿಡಿಯೋ ಬಿಟ್ಟು ಬೇರೇನೂ ಕಾಣದು. ನಿಂಟೆಂಡೊದ ಗೇಮ್‌ಕ್ಯೂಬ್, ವೀ ಡಿಸ್ಕುಗಳನ್ನು ಬೆರಳೆಣಿಕೆಯ ಡ್ರೈವುಗಳು ಮಾತ್ರ ಓದಬಲ್ಲವು. ಅವಕ್ಕೆ ಸುಲಭದ ದಾರಿ ವೀ ಕನ್ಸೋಲಿನಲ್ಲೇ ‘ಕ್ಲೀನ್‌ರಿಪ್’ ಎಂಬ ಸಾಫ್ಟ್‌ವೇರ್ ಓಡಿಸಿ ಪೆನ್‌ಡ್ರೈವಿಗೆ ತೆಗೆಯುವುದು. ಗೇಮ್‌ಕ್ಯೂಬ್ ಡಿಸ್ಕ್ ಉಲ್ಟಾ ತಿರುಗುತ್ತದೆ, ಅದಕ್ಕೇ ಕಂಪ್ಯೂಟರ್ ಓದಲ್ಲ ಎಂದು ಹೇಳುವವರಿದ್ದಾರೆ. ಅದು ಬರೀ ಕಟ್ಟುಕಥೆ.

‘ಬಯಾಸ್ ಎಮ್ಯುಲೇಟರ್ ಜೊತೆಗೇ ಬರುತ್ತದೆ’

ಬಂದರೆ ಅನುಮಾನಪಡಿ. ಪಿಎಸ್2ರ ಎಮ್ಯುಲೇಟರ್ ಪಿಸಿಎಸ್‌ಎಕ್ಸ್2, ಮೊದಲ ಪ್ಲೇಸ್ಟೇಷನ್ನಿನ ಡಕ್‌ಸ್ಟೇಷನ್ ಎರಡೂ ಬಯಾಸ್ ಇಲ್ಲದೆ ಬರುತ್ತವೆ, ನಿಮ್ಮ ಕನ್ಸೋಲಿನಿಂದ ತೆಗೆದುಕೊಳ್ಳಿ ಅನ್ನುತ್ತವೆ. ಗೇಮ್‌ಕ್ಯೂಬ್, ವೀಗಳ ಡಾಲ್ಫಿನ್, ಪಿಎಸ್‌ಪಿಯ ಪಿಪಿಎಸ್‌ಎಸ್‌ಪಿಪಿಗಳಿಗೆ ಬಯಾಸಿನ ಹಂಗಿಲ್ಲ. ಪ್ಲೇಸ್ಟೇಷನ್ 3ರ ಎಮ್ಯುಲೇಟರ್ ಆರ್‌ಪಿಸಿಎಸ್3ಗೆ ಬೇಕಾದ ಫರ್ಮ್‌ವೇರ್ ಸೋನಿಯ ಅಧಿಕೃತ ತಾಣದಲ್ಲೇ ಉಚಿತ.

‘ಗೀರಿಗೆ ಟೂತ್‌ಪೇಸ್ಟ್, ಕ್ಯಾಸೆಟ್ಟಿಗೆ ಉಫ್’

ತಳದ ಪ್ಲಾಸ್ಟಿಕ್ಕಿನ ಮೇಲಿನ ತೆಳು ಗೀರಿಗೆ ಪೇಸ್ಟಿನ ಉಜ್ಜಾಟ ಕೆಲವೊಮ್ಮೆ ಕೆಲಸ ಮಾಡುತ್ತದೆ, ನಿಜ. ಆದರೆ ಸಿಡಿಯಲ್ಲಿ ನಿಜವಾದ ಅಪಾಯ ಹೆಸರು ಅಚ್ಚಾದ ಮೇಲ್ಮೈಯಲ್ಲಿದೆ. ಬೆಳಕು ಪ್ರತಿಫಲಿಸುವ ಪದರ ಅಲ್ಲಿ ಬರೀ ಒಂದು ತೆಳು ಲ್ಯಾಕರಿನ ಕೆಳಗಿರುತ್ತದೆ. ಅಲ್ಲಿ ಗೀರಿದರೆ ಯಾವ ಪೇಸ್ಟೂ ಉಳಿಸಲಾರದು. ಡಿವಿಡಿಯಲ್ಲಿ ಆ ಪದರ ಎರಡು ಹಾಳೆಗಳ ನಡುವೆ ಇರುವುದರಿಂದ ಅದು ಈ ವಿಷಯದಲ್ಲಿ ಗಟ್ಟಿ.

ಕ್ಯಾಸೆಟ್ಟನ್ನು ಊದಿದಾಗ ಸರಿಹೋಗುತ್ತಿದ್ದದ್ದು ಉಸಿರಿನಿಂದಲ್ಲ, ತೆಗೆದು ಮತ್ತೆ ಸಿಕ್ಕಿಸಿದ್ದರಿಂದ. ಉಸಿರಿನ ತೇವ ಪಿನ್ನುಗಳಿಗೆ ತುಕ್ಕು ಹಿಡಿಸುತ್ತದೆ. ಹತ್ತಿಗೆ ಐಸೊಪ್ರೊಪೈಲ್ ಆಲ್ಕೊಹಾಲ್ ಹಚ್ಚಿ ಒರೆಸಿ. ಕ್ಯಾಸೆಟ್ಟಿನ ಆಟ ಚಿಪ್ಪಿನಲ್ಲಿ ಭದ್ರವಾಗಿರುತ್ತದೆ, ಆದರೆ ಹಳೆಯ ಎಷ್ಟೋ ಕ್ಯಾಸೆಟ್ಟುಗಳಲ್ಲಿ ನಿಮ್ಮ ಸೇವ್ ಉಳಿಯುವುದು ಗುಂಡಿ ಬ್ಯಾಟರಿಯ ಬಲದಲ್ಲಿ. ಪೊಕೆಮಾನ್ ಗೋಲ್ಡ್, ಸಿಲ್ವರ್‌ಗಳಲ್ಲಿ ಅದೇ ಬ್ಯಾಟರಿ ಗಡಿಯಾರವನ್ನೂ ಓಡಿಸುವುದರಿಂದ ಬೇಗ ಸಾಯುತ್ತದೆ. ಬ್ಯಾಟರಿ ಬಿಚ್ಚಿದ ಕ್ಷಣ ಸೇವ್ ಅಳಿಯುತ್ತದೆ, ಹಾಗಾಗಿ ಬದಲಿಸುವ ಮೊದಲು ಜಿಬಿ ಆಪರೇಟರಿನಂಥ ಸಾಧನದಿಂದ ಅದನ್ನು ಕಂಪ್ಯೂಟರಿಗೆ ಇಳಿಸಿಕೊಳ್ಳಬೇಕು.

‘ಲೆನ್ಸ್ ಹೋದ ಕನ್ಸೋಲ್ ಗುಜರಿಗೇ ಸರಿ’

ಇದು ದುಬಾರಿಯಾಗುವ ತಪ್ಪು. ಪಿಎಸ್2 ಡಿಸ್ಕ್ ಓದದಿದ್ದರೂ ಆನ್ ಆಗುತ್ತಿದ್ದರೆ ಸಾಕು. ‘ಫ್ರೀ ಮ್ಯಾಕ್‌ಬೂಟ್’ ಎಂಬ ಸಾಫ್ಟ್‌ವೇರ್ ಹಾಕಿದ ಮೆಮೊರಿ ಕಾರ್ಡಿನಿಂದ ಡಿಸ್ಕಿಲ್ಲದೆಯೇ ಅದನ್ನು ಎಬ್ಬಿಸಬಹುದು, ಕೊನೆಕೊನೆಯ ಸ್ಲಿಮ್ ಮಾದರಿಗಳಲ್ಲಿ ಮಾತ್ರ ಇದು ನಡೆಯುವುದಿಲ್ಲ. ಅಲ್ಲಿಂದ 4 ಎಂಬಿ ಬಯಾಸನ್ನೂ, ಇನ್ನೊಂದು ಕಿಂಡಿಯಲ್ಲಿರುವ ನಿಮ್ಮ 8 ಎಂಬಿ ಕಾರ್ಡಿನ ಸೇವ್‌ಗಳನ್ನೂ ಪೆನ್‌ಡ್ರೈವಿಗೆ ಹಾಕಿಕೊಳ್ಳಬಹುದು. ಆಮೇಲೆ ಡಿಸ್ಕುಗಳ ಸರದಿ. ಹೈದರಾಬಾದಿನ ಆರೋನಾ ಟೆಕ್ನಾಲಜೀಸ್ 2009ರಲ್ಲಿ ಮಾಡಿದ ‘ಹನುಮಾನ್: ಬಾಯ್ ವಾರಿಯರ್’ ಥರದ ಭಾರತೀಯ ಆಟವೇನಾದರೂ ನಿಮ್ಮ ಗುಂಪಿನಲ್ಲಿದ್ದರೆ ಮೊದಲು ಅದನ್ನೇ ಎತ್ತಿಕೊಳ್ಳಿ. ಇಮೇಜ್ ಆದ ಮೇಲೆ ಅದರ ಹ್ಯಾಶ್ ಸಂಖ್ಯೆಯನ್ನು, ಅಂದರೆ ಫೈಲಿನ ಬೆರಳಚ್ಚಿನಂಥ ಅಂಕಿಯನ್ನು, ‘ರೀಡಂಪ್’ ಪಟ್ಟಿಯೊಂದಿಗೆ ತಾಳೆ ನೋಡಿ. ಅಲ್ಲಿ ಆಟಗಳಿಲ್ಲ, ಸರಿಯಾದ ನಕಲಿನ ಅಂಕಿಗಳು ಮಾತ್ರ ಇವೆ. ತಾಳೆಯಾದರೆ ಸಿಎಚ್‌ಡಿ ರೂಪಕ್ಕೆ ಕುಗ್ಗಿಸಿ ಇಟ್ಟುಕೊಳ್ಳಿ. ಗುಣಮಟ್ಟ ಹೋಗುತ್ತದೆಂಬ ಭಯ ಬೇಡ, ಬಿಚ್ಚಿದರೆ ಒಂದು ಬಿಟ್ಟೂ ಕಡಿಮೆಯಾಗದೆ ಮೂಲ ಫೈಲ್ ವಾಪಸ್ ಬರುತ್ತದೆ.