ಹತ್ತು ತಾಸಿನ ದಾರಿ, ಎರಡೂವರೆ ನಿಮಿಷದ ಆಯುಷ್ಯ

ಮುಂಬೈಯಲ್ಲಿ ಸರಕು ತುಂಬಿದ ಲಾರಿ ಪುಣೆ, ಸಾತಾರಾ, ಕೊಲ್ಹಾಪುರ ದಾಟಿ, ನಿಪ್ಪಾಣಿ ಹಿಂದೆ ಬಿಟ್ಟು ಹುಕ್ಕೇರಿ ತಾಲೂಕಿನ ಸಂಕೇಶ್ವರದ ಮೇಲೆ ಹಾದು ಬೆಳಗಾವಿ ಮುಟ್ಟಲು ಹತ್ತು ತಾಸು ಹಿಡಿಯಿತು ಎಂದಿಟ್ಟುಕೊಳ್ಳಿ. ಬಟ್ಟೆಯೋ ಸಿಮೆಂಟೋ ಆದರೆ ಹೊರಟಾಗ ಎಷ್ಟಿತ್ತೋ ಇಳಿಸುವಾಗಲೂ ಅಷ್ಟೇ ಇರುತ್ತದೆ. ಸೋರದೆ, ಕದಿಯಲ್ಪಡದೆ, ಮುಚ್ಚಿದ ಸೀಸದ ಡಬ್ಬಿಯೊಳಗೇ ಕರಗಿಹೋಗುವ ಸರಕೂ ಉಂಟು: ವಿಕಿರಣಶೀಲ ವಸ್ತುಗಳು. ಥೈರಾಯ್ಡ್ ಚಿಕಿತ್ಸೆಯ ಅಯೋಡಿನ್-131 ಎಂಟು ದಿನಕ್ಕೆ ಅರ್ಧವಾಗುತ್ತದೆ. ಹತ್ತು ತಾಸಿನಲ್ಲಿ ನೂರಕ್ಕೆ ಮೂರು ನಾಲ್ಕು ಪಾಲು ಮಾತ್ರ ಹೋಗುತ್ತದೆ. ಎಲುಬು, ಹೃದಯಗಳ ಸ್ಕ್ಯಾನಿಗೆ ಬಳಸುವ ಟೆಕ್ನೀಷಿಯಂ-99ಎಂ ಆರು ತಾಸಿಗೇ ಅರ್ಧ. ಬೆಳಗಾವಿಗೆ ಬರುವಾಗ ಮೂರನೇ ಒಂದು ಪಾಲಿಗಿಂತ ಕಡಿಮೆ ಉಳಿದಿರುತ್ತದೆ. ಪೆಟ್ ಸ್ಕ್ಯಾನಿನ ಫ್ಲೋರಿನ್-18ಕ್ಕೆ 110 ನಿಮಿಷದ ಅರ್ಧಾಯುಷ್ಯ, ಉಳಿಯುವುದು ನೂರರಲ್ಲಿ ಎರಡು ಪಾಲು. ರಂಜಕ-30 ಎಂಬುದಕ್ಕೆ ಎರಡೂವರೆ ನಿಮಿಷ. ಅದು ಪ್ರಯೋಗಾಲಯದ ಗೇಟನ್ನೂ ದಾಟಲಾರದು.

ಮನುಷ್ಯ ತನ್ನ ಕೈಯಾರೆ ಹುಟ್ಟಿಸಿ ಗುರುತಿಸಿದ ಮೊದಲ ವಿಕಿರಣಶೀಲ ವಸ್ತು ಇದೇ ರಂಜಕ. ಎರಡೂವರೆ ನಿಮಿಷಕ್ಕೆ ಅರ್ಧವಾಗುವ, ಯಾವ ತಕ್ಕಡಿಗೂ ಸಿಗದ ವಸ್ತುವನ್ನು 'ಇದು ರಂಜಕವೇ' ಎಂದು ಸಾಬೀತು ಮಾಡಿದ್ದು ಹೇಗೆ? ರಸಾಯನಶಾಸ್ತ್ರದ ಚರಿತ್ರೆಯಲ್ಲಿ ನನಗೆ ಅತ್ಯಂತ ಪ್ರಿಯವಾದ ಪ್ರಸಂಗ ಅದು.

1934ರ ಜನವರಿ. ಪ್ಯಾರಿಸ್ಸಿನ ರೇಡಿಯಂ ಸಂಸ್ಥೆಯಲ್ಲಿ ಐರೀನ್ ಕ್ಯೂರಿ ಮತ್ತು ಆಕೆಯ ಗಂಡ ಫ್ರೆಡರಿಕ್ ಜೋಲಿಯೋ ಅಲ್ಯೂಮಿನಿಯಂ ಹಾಳೆಯ ಎದುರು ಪೊಲೋನಿಯಂ ಇಟ್ಟು ಅದರ ಆಲ್ಫಾ ಕಣಗಳನ್ನು ಹಾಯಿಸುತ್ತಿದ್ದರು. ಪೊಲೋನಿಯಂ ಸರಿಸಿದ ಕೂಡಲೇ ಎಣಿಕೆ ಯಂತ್ರದ ಟಿಕ್ ಟಿಕ್ ನಿಲ್ಲಬೇಕಿತ್ತು. ನಿಲ್ಲಲಿಲ್ಲ. ನಿಮಿಷಗಳು ಸರಿದಂತೆ ನಿಧಾನವಾಗಿ ಇಳಿಯಿತು. ಲೆಕ್ಕದ ಪ್ರಕಾರ 13 ಪ್ರೋಟಾನಿನ ಅಲ್ಯೂಮಿನಿಯಂ ಎರಡು ಪ್ರೋಟಾನುಗಳ ಆಲ್ಫಾ ಕಣವನ್ನು ನುಂಗಿದರೆ 15ರ ರಂಜಕವಾಗಬೇಕು. ಆದರೆ ಲೆಕ್ಕ ಸಾಕ್ಷ್ಯವಲ್ಲ. ಹುಟ್ಟಿದ ಪರಮಾಣುಗಳೋ ಕಣ್ಣಿಗೆ ಕಾಣದಷ್ಟು ಕಡಿಮೆ, ಅವೂ ಸಾಯುತ್ತಿವೆ.

ಅವರು ಹಿಡಿದದ್ದು ರಸಾಯನಶಾಸ್ತ್ರದ ಹಳೆಯ ದಾರಿ. ಅಲ್ಯೂಮಿನಿಯಂ ಹೈಡ್ರೋಕ್ಲೋರಿಕ್ ಆಮ್ಲದಲ್ಲಿ ಕರಗಿದರೆ ಹೈಡ್ರೋಜನ್ ಅನಿಲ ಹೊರಡುತ್ತದೆ. ಅಲ್ಲಿ ರಂಜಕ ಇದ್ದದ್ದೇ ಆದರೆ ಅದು ಹೈಡ್ರೋಜನ್ ಜೊತೆ ಸೇರಿ ಫಾಸ್ಫೀನ್ ಅನಿಲವಾಗಿ ಹೊರಗೆ ಬರಲೇಬೇಕು. ಹಾಳೆಯನ್ನು ಆಮ್ಲಕ್ಕೆ ಹಾಕಿದರು, ಬಂದ ಅನಿಲವನ್ನು ತೆಳು ಗಾಜಿನ ನಳಿಗೆಯಲ್ಲಿ ಹಿಡಿದರು, ನಳಿಗೆಯನ್ನು ಎಣಿಕೆ ಯಂತ್ರದ ಹತ್ತಿರ ಒಯ್ದರು. ಟಿಕ್ ಟಿಕ್ ಅನಿಲದ ಜೊತೆ ಹೋಗಿತ್ತು, ಕೆಳಗುಳಿದ ಅಲ್ಯೂಮಿನಿಯಂ ದ್ರಾವಣ ಸುಮ್ಮನಾಗಿತ್ತು. ಇಷ್ಟೂ ಕೆಲಸ ಕೆಲವೇ ನಿಮಿಷಗಳಲ್ಲಿ ಮುಗಿಯಬೇಕಿತ್ತು, ಮುಗಿಯಿತು. ಗೋಕಾಕದ ಪಿಯು ಕಾಲೇಜಿನಲ್ಲಿ ಲವಣ ವಿಶ್ಲೇಷಣೆ ಮಾಡುತ್ತ ಯಾವ ಅನಿಲ ಬಂತು, ಏನು ಒತ್ತರಿಸಿತು ಎಂದು ದಾಖಲೆ ಪುಸ್ತಕ ಬರೆಯುವ ಹುಡುಗಿ ಬಳಸುವ ತರ್ಕವೂ ಇದೇ. ಅವಳಿಗೆ ಈ ಕತೆ ಹೇಳುವವರು ಬೇಕು. ನಮ್ಮ ತರಗತಿಗಳಲ್ಲಿ ಪರಮಾಣು ಎಂದರೆ ಮೊದಲು ಬಾಂಬು ಬರುತ್ತದೆ, ಈ ಗಾಜಿನ ನಳಿಗೆ ಬರುವುದೇ ಇಲ್ಲ.

ಮಗಳು, ಅಳಿಯ ಆ ನಳಿಗೆಯನ್ನು ಮೇರಿ ಕ್ಯೂರಿಯ ಕೈಗೆ ಕೊಟ್ಟರು. ರೇಡಿಯಂನಿಂದ ಬೆಂದಿದ್ದ ಬೆರಳುಗಳವು. ಅದೇ ವರ್ಷ ಜುಲೈ 4ರಂದು ಆಕೆ ತೀರಿಕೊಂಡರು. ಮರುವರ್ಷ ದಂಪತಿಗೆ ನೊಬೆಲ್ ಬಂತು, ಅದೂ ರಸಾಯನಶಾಸ್ತ್ರದ ಹೆಸರಲ್ಲಿ. ಸರಿಯಾದ ವಿಭಾಗ ಅದೇ ಎಂದು ನಾನು ನಂಬುತ್ತೇನೆ.

ರಸಾಯನಶಾಸ್ತ್ರದ ಪರೀಕ್ಷೆ ಸಡಿಲವಾದರೆ ಏನಾಗುತ್ತದೆ ಎಂಬುದಕ್ಕೂ ಅದೇ ಕಾಲದ ಉದಾಹರಣೆಯಿದೆ. 1934ರಲ್ಲೇ ರೋಮ್‌ನಲ್ಲಿ ಎನ್ರಿಕೊ ಫರ್ಮಿ ಯುರೇನಿಯಂ ಮೇಲೆ ನ್ಯೂಟ್ರಾನ್ ಹಾಯಿಸಿ, ಯುರೇನಿಯಂನಾಚೆಯ ಹೊಸ ಮೂಲವಸ್ತುಗಳು ಸಿಕ್ಕಿರಬಹುದೆಂದರು. ಬಂದ ವಸ್ತುವನ್ನು ಉಳಿದೆಲ್ಲ ಮೂಲವಸ್ತುಗಳೊಂದಿಗೂ ಹೋಲಿಸಿ ನೋಡದೆ ಹಾಗೆ ಹೇಳಬೇಡಿ ಎಂದವರು ಜರ್ಮನಿಯ ರಸಾಯನಶಾಸ್ತ್ರಜ್ಞೆ ಇಡಾ ನೊಡಾಕ್. ಯಾರೂ ಕಿವಿಗೊಡಲಿಲ್ಲ. 1938ರ ಡಿಸೆಂಬರಿನಲ್ಲಿ ಬರ್ಲಿನ್ನಿನ ಓಟೋ ಹಾನ್ ಮತ್ತು ಸ್ಟ್ರಾಸ್‌ಮನ್‌ಗೆ ಅದೇ ಪ್ರಯೋಗದಲ್ಲಿ ಬೇರಿಯಂ ಸಿಕ್ಕಿತು. ಪರಮಾಣು ಬೀಜ ಒಡೆಯುತ್ತಿತ್ತು! ಲೀಸ್ ಮೈಟ್ನರ್ ಮತ್ತು ಓಟೋ ಫ್ರಿಷ್ ಅದನ್ನು ವಿವರಿಸಿದರು.

ಅಷ್ಟರಲ್ಲಿ, 1937ರಲ್ಲಿ, ಸಿಸಿಲಿಯ ಪಲೆರ್ಮೊದಲ್ಲಿ ಸೆಗ್ರೆ ಮತ್ತು ಪೆರಿಯೆ ಮಾಲಿಬ್ಡಿನಂ ತಗಡಿನಿಂದ ಟೆಕ್ನೀಷಿಯಂ ಬೇರ್ಪಡಿಸಿದ್ದರು. ಕೃತಕವಾಗಿ ತಯಾರಾದ ಮೊದಲ ಮೂಲವಸ್ತು ಅದು. ಮರುವರ್ಷ ಅಮೆರಿಕದ ಬರ್ಕ್ಲಿಯಲ್ಲಿ ಯುವ ರಸಾಯನಶಾಸ್ತ್ರಜ್ಞ ಗ್ಲೆನ್ ಸೀಬೋರ್ಗ್, ಲಿವಿಂಗುಡ್ ಜೊತೆ ಅಯೋಡಿನ್-131ನ್ನೂ ಸೆಗ್ರೆ ಜೊತೆ ಟೆಕ್ನೀಷಿಯಂ-99ಎಂ ಅನ್ನೂ ಗುರುತಿಸಿದರು. ಮುಂದೆ ಸೀಬೋರ್ಗ್‌ರ ತಾಯಿಗೇ ಥೈರಾಯ್ಡ್ ಕಾಯಿಲೆಯಾದಾಗ ಮಗ ಕಂಡುಹಿಡಿದ ಅಯೋಡಿನ್ ಕೊಟ್ಟರು, ಅದರಿಂದ ಆಕೆಯ ಆಯುಷ್ಯ ಬೆಳೆಯಿತು. 1941ರ ಫೆಬ್ರುವರಿಯಲ್ಲಿ ಸೀಬೋರ್ಗ್ ತಂಡ ಪ್ಲುಟೋನಿಯಂ ಗುರುತಿಸಿತು. ಆ ಪ್ಲುಟೋನಿಯಂ ನಾಗಸಾಕಿಗೆ ಹೋಯಿತು. ಅದನ್ನು ಬಿಟ್ಟು ಈ ಕತೆ ಹೇಳಬಾರದು.

ಐರೀನ್ ದಂಪತಿ 1950ರ ಜನವರಿಯಲ್ಲಿ ಭಾರತಕ್ಕೆ ಬಂದಿದ್ದರು. ಕಲ್ಕತ್ತೆಯಲ್ಲಿ ಮೇಘನಾದ ಸಾಹಾ ಕಟ್ಟಿದ ಪರಮಾಣು ಭೌತವಿಜ್ಞಾನ ಸಂಸ್ಥೆಯನ್ನು ಉದ್ಘಾಟಿಸಿದವರು ಐರೀನ್. 1956ರ ಮಾರ್ಚ್ 17ರಂದು ರಕ್ತ ಕ್ಯಾನ್ಸರಿನಿಂದ ಅವರು ತೀರಿಕೊಂಡರು. ಅದೇ ವರ್ಷದ ಆಗಸ್ಟ್ 4ರಂದು ಮುಂಬೈಯ ಟ್ರಾಂಬೆಯಲ್ಲಿ ಅಪ್ಸರಾ ರಿಯಾಕ್ಟರ್ ಚಾಲೂ ಆಯಿತು. ಆ ತಂಡದಲ್ಲಿ ನಮ್ಮ ತುಮಕೂರಿನಲ್ಲಿ ಹುಟ್ಟಿದ ರಾಜಾ ರಾಮಣ್ಣ ಇದ್ದರು. ಅಪ್ಸರಾ, ಆಮೇಲೆ 1960ರ ಸೈರಸ್, 1985ರ ಧ್ರುವ – ನಮ್ಮ ಆಸ್ಪತ್ರೆಗಳ ಐಸೊಟೋಪುಗಳು ಈ ಒಲೆಗಳಲ್ಲಿ ತಯಾರಾದವು.

ಸೀಬೋರ್ಗ್‌ರ ಪ್ಲುಟೋನಿಯಂ ನಮ್ಮ ರಾಜ್ಯದಲ್ಲೂ ಹುಟ್ಟುತ್ತದೆ, ಉರಿಯುತ್ತದೆ. ಕಾರವಾರ ತಾಲೂಕಿನ ಕೈಗಾದಲ್ಲಿ ತಲಾ 220 ಮೆಗಾವ್ಯಾಟ್‌ನ ನಾಲ್ಕು ಘಟಕಗಳಿವೆ. ಇಂಧನ ನೈಸರ್ಗಿಕ ಯುರೇನಿಯಂ. ಅದರಲ್ಲಿ ಸುಲಭಕ್ಕೆ ಒಡೆಯದ 238ರ ಜಾತಿ ನ್ಯೂಟ್ರಾನ್ ನುಂಗಿ ನೆಪ್ಚೂನಿಯಂ ಆಗಿ, ಅಲ್ಲಿಂದ ಪ್ಲುಟೋನಿಯಂ ಆಗಿ, ಅದರಲ್ಲೊಂದು ಗಣನೀಯ ಪಾಲು ಅಲ್ಲೇ ಒಡೆದು ಶಾಖ ಕೊಡುತ್ತದೆ. ಆ ವಿದ್ಯುತ್ತು ಧಾರವಾಡದ ಹತ್ತಿರದ ನರೇಂದ್ರ ಉಪಕೇಂದ್ರಕ್ಕೆ ಬಂದು ಜಾಲದಲ್ಲಿ ಬೆರೆಯುತ್ತದೆ. 1969ರಿಂದ ಹುಕ್ಕೇರಿ ತಾಲೂಕಿನ ಹಳ್ಳಿಗಳಿಗೆ ವಿದ್ಯುತ್ ಹಂಚುತ್ತ ಬಂದ ಸಹಕಾರಿ ಸಂಘದ ತಂತಿಯಲ್ಲಿ ಕೈಗಾದ ಪಾಲೆಷ್ಟು, ನೀರಿನ ಪಾಲೆಷ್ಟು ಎಂದು ಬೇರ್ಪಡಿಸಲಾಗದು. 1887ರಲ್ಲೇ ಜಲಪಾತದಿಂದ ವಿದ್ಯುತ್ ತೆಗೆದ ಹೆಮ್ಮೆಯಿರುವ ಗೋಕಾಕದವರಿಗೆ ಈ ಇನ್ನೊಂದು ಮೂಲದ ಪರಿಚಯವೂ ಇರಲಿ. ಅದರ ಜೊತೆಗೆ ಆತಂಕದ ಪರಿಚಯವೂ ಇರಬೇಕು: ಶಿವರಾಮ ಕಾರಂತರು ಕೈಗಾ ಯೋಜನೆಯನ್ನು ಬಲವಾಗಿ ವಿರೋಧಿಸಿದವರು, 1994ರ ಮೇ ತಿಂಗಳಲ್ಲಿ, ಕಟ್ಟುತ್ತಿರುವಾಗಲೇ, ಒಂದನೇ ಘಟಕದ ಗುಮ್ಮಟದ ಒಳಪದರ ಕಳಚಿ ಬಿದ್ದಿತ್ತು. ಅದೇ ಘಟಕ ಮುಂದೆ 962 ದಿನ ನಿಲ್ಲದೆ ಓಡಿ 2018ರ ಡಿಸೆಂಬರ್ 31ರಂದು ನಿಂತಿತು. ಎರಡೂ ಸತ್ಯ.

ಮತ್ತೆ ಲಾರಿಯ ಸರಕಿಗೆ ಬರೋಣ. ಕೋಬಾಲ್ಟ್-60ರ ಅರ್ಧಾಯುಷ್ಯ ಐದು ವರ್ಷ ಮೂರು ತಿಂಗಳು. ಅದಕ್ಕೆ ದಾರಿಯ ಅವಸರವಿಲ್ಲ. 2000ದಿಂದ ನವಿ ಮುಂಬೈಯ ವಾಶಿಯಲ್ಲಿ ಇದರ ಗಾಮಾ ಕಿರಣದಿಂದ ಮಸಾಲೆ ಪದಾರ್ಥಗಳ ಸೂಕ್ಷ್ಮಾಣು ಕೊಲ್ಲುತ್ತಾರೆ. ಮೂಡಲಗಿ ಸೀಮೆಯಲ್ಲಿ ಅರಿಸಿನ ಬೆಳೆಯುವ ರೈತರು ತಿಳಿದಿರಬೇಕಾದ ಮಾತು: ಕಿರಣ ಹಾಯಿಸಿದ ಅರಿಸಿನ ವಿಕಿರಣಶೀಲವಾಗುವುದಿಲ್ಲ. ಕ್ಯಾನ್ಸರಿಗೆ ಹೊರಗಿನಿಂದ ಕಿರಣ ಕೊಡುವ, ಊರಿನಲ್ಲಿ 'ಕರೆಂಟ್ ಕೊಡಿಸೋದು' ಎನ್ನುವ ಚಿಕಿತ್ಸೆಗೂ ಇದೇ ನಿಯಮ. ಆ ಚಿಕಿತ್ಸೆಗೆ ಭಾಭಾ ಪರಮಾಣು ಸಂಶೋಧನಾ ಕೇಂದ್ರ ರೂಪಿಸಿದ ಕೋಬಾಲ್ಟ್ ಯಂತ್ರ 'ಭಾಭಾಟ್ರಾನ್' ತಯಾರಾಗುವುದು ಬೆಂಗಳೂರಿನ ಪೆನೇಸಿಯಾ ಕಂಪನಿಯಲ್ಲಿ. ಬೆಳಗಾವಿಗೋ ಮಿರಜಿಗೋ ಹುಬ್ಬಳ್ಳಿಗೋ ಹೋಗಿ ಕರೆಂಟ್ ತೆಗೆದುಕೊಂಡು ಬಂದ ಅಜ್ಜಿಯ ಪಕ್ಕ ಮೊಮ್ಮಗು ಮಲಗಬಹುದು. ಇದು ತಿಳಿಯದೆ ಮನೆಯ ಹಿರಿಯರನ್ನು ದೂರವಿಡುವುದು ಕ್ರೂರ.

ಆರು ತಾಸಿನ ಟೆಕ್ನೀಷಿಯಂಗೆ ರಸಾಯನಶಾಸ್ತ್ರಜ್ಞರು ಬೇರೆ ಉಪಾಯ ಮಾಡಿದ್ದಾರೆ. ಅದನ್ನು ಕಳಿಸುವುದೇ ಇಲ್ಲ, ಅದನ್ನು ಹೆರುವ ಮಾಲಿಬ್ಡಿನಂ-99ನ್ನು ಕಳಿಸುತ್ತಾರೆ. 66 ತಾಸಿಗೆ ಅರ್ಧವಾಗುವ ಅದು ಜನರೇಟರ್ ಎಂಬ ಪುಟ್ಟ ಪೆಟ್ಟಿಗೆಯಲ್ಲಿ ಆಸ್ಪತ್ರೆಗೆ ಬಂದು ಒಂದು ವಾರ ಕೂರುತ್ತದೆ. ದಿನಾ ಬೆಳಗ್ಗೆ ಹಸು ಕರೆದಂತೆ ಅದರೊಳಗೆ ಉಪ್ಪಿನ ದ್ರಾವಣ ಹಾಯಿಸಿ ಆ ದಿನದ ಟೆಕ್ನೀಷಿಯಂ ಇಳಿಸಿಕೊಳ್ಳುತ್ತಾರೆ. ಅಲ್ಲೂ ಐರೀನ್ ಮಾಡಿದ ಕೆಲಸವೇ: ತಾಯಿಯಿಂದ ಮಗುವನ್ನು ಗುಣ ನೋಡಿ ಬೇರ್ಪಡಿಸುವುದು.

ಅಯೋಡಿನ್-131 ಮಾತ್ರ ಬೇರೆ ಎಚ್ಚರ ಬೇಡುತ್ತದೆ. ಅದನ್ನು ನುಂಗಿಸುತ್ತಾರೆ, ಥೈರಾಯ್ಡ್ ಗ್ರಂಥಿ ಅದನ್ನು ಮಾಮೂಲಿ ಅಯೋಡಿನ್ ಎಂದೇ ಹೀರಿಕೊಳ್ಳುತ್ತದೆ, ಕಿರಣ ಒಳಗಿನಿಂದ ಕೆಲಸ ಮಾಡುತ್ತದೆ. ಕ್ಯಾನ್ಸರಿಗೆ ದೊಡ್ಡ ಪ್ರಮಾಣ ಕೊಟ್ಟಾಗ ಪ್ರತ್ಯೇಕ ಕೋಣೆಯಲ್ಲಿ ಇರಿಸುತ್ತಾರೆ. ಮನೆಗೆ ಬಂದ ಮೇಲೂ ಕೆಲವು ದಿನ ಬಸುರಿಯರಿಂದ, ಎಳೆಗೂಸುಗಳಿಂದ ದೂರ ಇರಬೇಕು, ಬೇರೆ ಮಲಗಬೇಕು, ಟವೆಲ್ಲು ಬೇರೆ ಇರಬೇಕು, ನೀರು ಧಾರಾಳವಾಗಿ ಕುಡಿಯಬೇಕು, ಶೌಚಕ್ಕೆ ಹೋದಾಗ ಎರಡೆರಡು ಸಲ ನೀರು ಹಾಕಬೇಕು. ಹೆಚ್ಚಿನ ಅಯೋಡಿನ್ ಮೂತ್ರದಲ್ಲೇ ಹೋಗುವುದರಿಂದ ದೇಹ ಎಂಟು ದಿನಕ್ಕಿಂತ ಬೇಗ ಹಗುರಾಗುತ್ತದೆ. ಎಷ್ಟು ದಿನ ಎಂಬುದು ಪ್ರಮಾಣದ ಮೇಲೆ ನಿಂತದ್ದು. ಡಿಸ್ಚಾರ್ಜ್ ಚೀಟಿಯಲ್ಲಿ ಆ ತಾರೀಖು ಬರೆಸಿಕೊಂಡೇ ಗೋಕಾಕದ ಬಸ್ಸು ಹತ್ತಬೇಕು, ಬಸ್ಸಿನಲ್ಲಿ ಯಾವ ಸೀಟಿನಲ್ಲಿ ಕೂರಬೇಕೆಂಬುದನ್ನೂ ಕೇಳಿಕೊಳ್ಳಬೇಕು.