ಯಂತ್ರ ಎಂಬ ಒಂದು ಪದ: ಹೊಸೂರು ಸೀಮೆಯಿಂದ ‘ವೈಮಾನಿಕ ಶಾಸ್ತ್ರ’ದ ಓದು

ಗಡಿಯಾಚೆಯ ಕನ್ನಡ ಅಂದರೆ ಸಾಮಾನ್ಯವಾಗಿ ಶಾಲೆ, ಶಾಸನ, 1956ರ ರಾಜ್ಯ ವಿಂಗಡಣೆ ಇವುಗಳ ಬಗ್ಗೆ ಮಾತಾಡ್ತೀವಿ. ನಾನಿವತ್ತು ಒಂದು ಪದದಿಂದ ಶುರು ಮಾಡ್ತೀನಿ: ಯಂತ್ರ.

ಹೊಸೂರಿನ ಕಡೆಯ ನಮ್ಮ ಮನೆಯಲ್ಲಿ ಈ ಪದಕ್ಕೆ ಎರಡು ಅರ್ಥ. ಮಗು ರಾತ್ರಿ ಬೆಚ್ಚಿಬಿದ್ದರೆ ಅಜ್ಜಿ ‘ಒಂದು ಯಂತ್ರ ಕಟ್ಟಿಸ್ಕೊಂಡು ಬನ್ರೋ’ ಅನ್ನೋರು. ಅದು ತಗಡಿನ ಮೇಲೆ ಗೆರೆ, ಬೀಜಾಕ್ಷರ ಬರೆದು ಸುರುಳಿ ಸುತ್ತಿದ ತಾಯತ. ಮಾವ ಪಾಳಿಗೆ ಹೋಗುತ್ತಿದ್ದ ಕಾರ್ಖಾನೆಯಲ್ಲಿ ಇದ್ದದ್ದೂ ಯಂತ್ರವೇ. ಆಯುಧಪೂಜೆ ದಿನ ಎರಡೂ ಒಂದಾಗುತ್ತಿದ್ದವು: ಲೇತಿಗೆ ಕುಂಕುಮ, ಲಾರಿ ಚಕ್ರದಡಿ ನಿಂಬೆಹಣ್ಣು. ಯಾರಿಗೂ ಅದು ವಿಚಿತ್ರ ಅನಿಸುತ್ತಿರಲಿಲ್ಲ.

ಈ ಎರಡು ಅರ್ಥಗಳನ್ನೂ ಒಂದೇ ಪುಸ್ತಕದಲ್ಲಿ ಕೂಡಿಸಿದ ಕೃತಿ ‘ವೈಮಾನಿಕ ಶಾಸ್ತ್ರ’. ಇದನ್ನು ಭರದ್ವಾಜ ಮಹರ್ಷಿಯದ್ದು ಎಂದು ಹೇಳುತ್ತಾರೆ. ಆದರೆ ಸಂಸ್ಕೃತ ಶ್ಲೋಕಗಳಲ್ಲಿ ಇದನ್ನು ಬಾಯಲ್ಲಿ ಹೇಳಿ ಬರೆಸಿದವರು ಪಂಡಿತ ಸುಬ್ಬರಾಯ ಶಾಸ್ತ್ರಿಗಳು. ಹುಟ್ಟಿದ್ದು ಹೊಸೂರು ತಾಲ್ಲೂಕಿನ ಹಳ್ಳಿಯಲ್ಲಿ, ನೆಲೆಸಿದ್ದು ಪಕ್ಕದ ಆನೇಕಲ್ಲಿನಲ್ಲಿ. 1918ರಿಂದ 1923ರವರೆಗೆ ಅವರು ಹೇಳುತ್ತ ಹೋದರು, ವೆಂಕಟಾಚಲ ಶರ್ಮರು ಬರೆದುಕೊಂಡರು. 1923ರಲ್ಲಿ ಬೆಂಗಳೂರಿನ ಎಂಜಿನಿಯರಿಂಗ್ ಕಾಲೇಜಿನ ಎಲ್ಲಪ್ಪ ಎಂಬ ನಕ್ಷೆಗಾರರು ಶಾಸ್ತ್ರಿಗಳ ಮಾರ್ಗದರ್ಶನದಲ್ಲಿ ವಿಮಾನಗಳ ಚಿತ್ರ ಬರೆದರು. ಜಿ. ಆರ್. ಜೋಶ್ಯರ್ ಅವರ ಇಂಗ್ಲಿಷ್ ಅನುವಾದ 1973ರಲ್ಲಿ ಮೈಸೂರಿನಲ್ಲಿ ಅಚ್ಚಾಯಿತು.

ಸಾಹಿತ್ಯದ ವಿದ್ಯಾರ್ಥಿಯಾಗಿ ನನ್ನ ಕುತೂಹಲ ಇರುವುದು ಇದರ ರೂಪದ ಮೇಲೆ. ಮೊದಲು ಸೂತ್ರ, ಅದಕ್ಕೆ ಬೋಧಾನಂದ ಎಂಬುವರ ವೃತ್ತಿ, ವೃತ್ತಿಯೊಳಗೆ ‘ಲೋಹತಂತ್ರ’ದಂಥ ಗ್ರಂಥಗಳ ಆಧಾರ. ಅಂದರೆ ಶಾಸ್ತ್ರಗ್ರಂಥ ಹೇಗಿರಬೇಕೋ ಹಾಗೇ ಇದೆ. ಇವತ್ತು ನಾವು ಪ್ರಬಂಧಕ್ಕೆ ಅಡಿಟಿಪ್ಪಣಿ ಹಾಕ್ತೀವಲ್ಲ, ಅದೇ ಕೆಲಸವನ್ನು ಅಲ್ಲಿ ಈ ಹೆಸರುಗಳು ಮಾಡುತ್ತವೆ. ಇನ್ನು ವಿಷಯಕ್ಕೆ ಬಂದರೆ, ಯುಗ ಇಳಿದಂತೆ ವಿಮಾನವೂ ಇಳಿಯುತ್ತದೆ: ತ್ರೇತೆಯಲ್ಲಿ ಮಂತ್ರದಿಂದ ಹಾರುವುದು, ದ್ವಾಪರದಲ್ಲಿ ತಂತ್ರದಿಂದ, ಕಲಿಯಲ್ಲಿ ಮನುಷ್ಯ ಕಟ್ಟಿದ ‘ಕೃತಕ’ ವಿಮಾನ. ವಿಮಾನ ನಡೆಸುವವನು 32 ರಹಸ್ಯ ಕಲಿಯಬೇಕು. ಅದರಲ್ಲಿ ಕಣ್ಣಿಗೆ ಕಾಣದಂತಾಗುವುದೂ ಇದೆ, ಶತ್ರು ವಿಮಾನದೊಳಗಿನ ಮಾತು ಕೇಳಿಸಿಕೊಳ್ಳುವುದೂ ಇದೆ. ಅವನ ಊಟ, ಬಟ್ಟೆಗೂ ನಿಯಮ ಇದೆ. ಎಲ್ಲಿ ಮಂತ್ರ ಮುಗಿದು ಎಲ್ಲಿ ಎಂಜಿನ್ ಶುರುವಾಯಿತು ಅಂತ ಗೆರೆ ಎಳೆಯೋದು ಕಷ್ಟ.

ಆ ಗೆರೆ ಎಳೆದದ್ದು ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯವರು. 1974ರಲ್ಲಿ ಎಚ್. ಎಸ್. ಮುಕುಂದ ಮತ್ತು ಅವರ ನಾಲ್ವರು ಸಹೋದ್ಯೋಗಿಗಳು ಶಕುನ, ಸುಂದರ, ರುಕ್ಮ, ತ್ರಿಪುರ ಎಂಬ ನಾಲ್ಕು ವಿಮಾನಗಳನ್ನು ಪರೀಕ್ಷಿಸಿದರು. ನಕ್ಕು ತಳ್ಳಿಹಾಕಬಹುದಿತ್ತು, ಹಾಗೆ ಮಾಡಲಿಲ್ಲ. ಅಳತೆ, ತೂಕ ಲೆಕ್ಕ ಹಾಕಿದರು; ಪಠ್ಯಕ್ಕೂ ಚಿತ್ರಕ್ಕೂ ತಾಳೆ ನೋಡಿದರು; ಸಂಸ್ಕೃತ ಎಂಥದ್ದೆಂದು ವಿಚಾರಿಸಿದರು. ಭಾಷೆ ವೇದಕಾಲದ್ದಲ್ಲ, ಕೃತಿ 1904ಕ್ಕಿಂತ ಹಿಂದಿನದಲ್ಲ, ಇವುಗಳಲ್ಲಿ ಯಾವುದೂ ಹಾರಲಾರದು ಎಂದು ತೀರ್ಮಾನಿಸಿದರು. ರೈಟ್ ಸೋದರರ ವಿಮಾನ ಹಾರಿದ್ದು 1903ರ ಡಿಸೆಂಬರಿನಲ್ಲಿ ಅನ್ನೋದನ್ನ ಇಲ್ಲಿ ನೆನೆಯಬೇಕು.

ಹಾಗಂತ ನಮ್ಮ ಹಿಂದಿನವರು ಯಂತ್ರದ ಬಗ್ಗೆ ಯೋಚಿಸಲೇ ಇಲ್ಲ ಅಂತಲ್ಲ. 11ನೇ ಶತಮಾನದ ಭೋಜರಾಜನ ‘ಸಮರಾಂಗಣ ಸೂತ್ರಧಾರ’ದಲ್ಲಿ ಯಂತ್ರಗಳಿಗೇ ಒಂದು ಅಧ್ಯಾಯವಿದೆ. ಪಾದರಸ ಕಾಯಿಸಿ ಹಾರಿಸುವ ಮರದ ಹಕ್ಕಿಯ ಮಾತೂ ಅಲ್ಲಿದೆ. ಆದರೆ ಕಟ್ಟುವ ಕ್ರಮವನ್ನು ಬೇಕೆಂದೇ ಪೂರ್ತಿ ಹೇಳಿಲ್ಲ, ಅದು ಅಜ್ಞಾನದಿಂದಲ್ಲ, ಗುಟ್ಟು ಉಳಿಯಲೆಂದು ಅಂತ ಗ್ರಂಥವೇ ಹೇಳಿಕೊಳ್ಳುತ್ತದೆ. ‘ವೈಮಾನಿಕ ಶಾಸ್ತ್ರ’ದ ದಾರಿ ಇದಕ್ಕೆ ತಿರುಗುಮುರುಗು. ಲೋಹ, ಕನ್ನಡಿ, ಅಳತೆ ಎಲ್ಲವನ್ನೂ ಬಿಡಿಸಿ ಹೇಳುತ್ತದೆ. ಬಿಡಿಸಿ ಹೇಳಿದ್ದರಿಂದಲೇ ಲೆಕ್ಕ ಹಾಕಿ ನೋಡಲು ಸಾಧ್ಯವಾಯಿತು.

ಈಗ ನನಗೆ ಮುಖ್ಯವಾದ ಮಾತು. ಊರಿಗೆ ಹೋದಾಗಲೆಲ್ಲ ಮಾವ ಮೊಬೈಲ್ ತೋರಿಸಿ, ‘ನೋಡೋ, ಪ್ರಪಂಚದ ಮೊದಲ ವಿಮಾನ ನಮ್ಮ ಸೀಮೆಯೋರ ಕೈಲಿತ್ತು’ ಅಂತಾರೆ. ಅಲ್ಲ ಮಾವ ಅಂದರೆ ಅವರಿಗೆ ನೋವು. ರಾಜ್ಯ ವಿಂಗಡಣೆಯಲ್ಲಿ ಆಚೆ ಉಳಿದ ಜನ ಹೆಮ್ಮೆಪಡಲು ಏನಾದರೂ ಹುಡುಕುತ್ತಾರೆ, ಅದು ನನಗೆ ಅರ್ಥವಾಗುತ್ತದೆ. ಆದರೆ ಕೃತಿ ಋಷಿಯದ್ದು ಎಂದು ವಾದಿಸಿದಷ್ಟೂ ಶಾಸ್ತ್ರಿಗಳು ಬರೀ ಅಂಚೆಯವರಾಗುತ್ತಾರೆ, ಕಾಗದ ತಲುಪಿಸಿ ಹೋದವರು. ವಿಮಾನ ಹಾರಲಿಲ್ಲ ಎಂದು ಒಪ್ಪಿದರೆ ಅವರು ಕರ್ತೃವಾಗುತ್ತಾರೆ: ಹೊಸ ಯಂತ್ರಯುಗ ಊರ ಬಾಗಿಲಿಗೆ ಬಂದಾಗ, ಅದನ್ನು ತನಗೆ ಗೊತ್ತಿದ್ದ ಶ್ಲೋಕ, ಸೂತ್ರ, ಮಂತ್ರಗಳಲ್ಲೇ ಊಹಿಸಿಕೊಂಡ ಒಬ್ಬ ಗಡಿಸೀಮೆಯ ಮನುಷ್ಯ. ಕನ್ನಡ, ತೆಲುಗು, ತಮಿಳು ಮೂರೂ ಒಂದೇ ಬೀದಿಯಲ್ಲಿ ಕೇಳುವ ಸೀಮೆಯಲ್ಲಿ ಅವರನ್ನು ಒಂದು ಭಾಷೆಗೆ ಕಟ್ಟಿಹಾಕುವ ಆಸೆಯೂ ನನಗಿಲ್ಲ.

ಆದ್ದರಿಂದ ನನ್ನ ಸಲಹೆ ಇಷ್ಟೇ: ಇದನ್ನು ಎಂಜಿನಿಯರಿಂಗ್ ತರಗತಿಗೆ ಒಯ್ಯುವುದು ಬೇಡ, ನಮ್ಮ ತರಗತಿಗೆ ತನ್ನಿ. 20ನೇ ಶತಮಾನದ ಆರಂಭದ ಕಲ್ಪನಾಸಾಹಿತ್ಯ ಎಂದು ಓದೋಣ. ಮಾವನಿಗೂ ಮುಂದಿನ ಸಲ ಹೀಗೇ ಹೇಳಿ ನೋಡ್ತೀನಿ. ಪ್ರಶ್ನೆಗಳಿದ್ದರೆ ಕೇಳಿ.